ದಾನಪತ್ರದಲ್ಲಿ ಬರೆಯದೆ ಬಿಟ್ಟ ಷರತ್ತು

ತಂದೆ ಮಗನಿಗೆ ಮನೆ ಬರೆದುಕೊಡುವ ದಾನಪತ್ರದ ಭಾಷೆ ನಮ್ಮ ರಾಜ್ಯದ ಯಾವ ತಾಲ್ಲೂಕಿಗೆ ಹೋದರೂ ಹೆಚ್ಚುಕಡಿಮೆ ಒಂದೇ. ನಿಮ್ಮ ಮೇಲಿನ ಪ್ರೀತಿ ವಿಶ್ವಾಸದಿಂದ ಈ ಸ್ವತ್ತನ್ನು ದಾನವಾಗಿ ಕೊಟ್ಟಿರುತ್ತೇನೆ, ಈ ದಿನವೇ ನಿಮ್ಮ ಸ್ವಾಧೀನಕ್ಕೆ ಬಿಟ್ಟಿರುತ್ತೇನೆ, ನೀವು ಪುತ್ರ ಪೌತ್ರ ಪಾರಂಪರ್ಯವಾಗಿ ಅನುಭವಿಸಿಕೊಂಡು ಬರತಕ್ಕದ್ದು, ಇನ್ನು ಮುಂದೆ ನನಗಾಗಲಿ ನನ್ನ ವಾರಸುದಾರರಿಗಾಗಲಿ ಇದರಲ್ಲಿ ಯಾವ ಹಕ್ಕೂ ಇರುವುದಿಲ್ಲ. ಪತ್ರ ಬರಹಗಾರರ ಕಂಪ್ಯೂಟರಿನಲ್ಲಿ ಈ ಸಾಲುಗಳು ಸಿದ್ಧವಾಗಿಯೇ ಇರುತ್ತವೆ. ಹೆಸರು, ವಯಸ್ಸು, ಚಕ್ಕುಬಂದಿ, ಖಾತೆ ನಂಬರು ತುಂಬಿದರೆ ಕೆಲಸ ಮುಗಿಯಿತು. ಹೆಬ್ಬೆಟ್ಟು, ಫೋಟೊ, ಇಬ್ಬರು ಸಾಕ್ಷಿಗಳ ಸಹಿಯಾಗಿ ಉಪನೋಂದಣಾಧಿಕಾರಿ ಕಚೇರಿಯಿಂದ ಹೊರಬರುವ ಹೊತ್ತಿಗೆ ಹಿರಿಯರು ತಮ್ಮದೇ ಮನೆಯಲ್ಲಿ ಕಾನೂನಿನ ದೃಷ್ಟಿಯಿಂದ ಅತಿಥಿಗಳಾಗಿರುತ್ತಾರೆ. 'ನನ್ನನ್ನು ಕೊನೆಯವರೆಗೂ ನೋಡಿಕೊಳ್ಳಬೇಕು, ತಪ್ಪಿದರೆ ಈ ದಾನ ರದ್ದಾಗತಕ್ಕದ್ದು' ಎಂಬ ಒಂದು ಸಾಲು ಮಾತ್ರ ಆ ಸಿದ್ಧ ನಮೂನೆಯಲ್ಲಿ ಸಾಮಾನ್ಯವಾಗಿ ಇರುವುದಿಲ್ಲ. ಹಿರಿಯರ ರಕ್ಷಣೆಗೆಂದು ಸಂಸತ್ತು ಮಾಡಿದ ಕಾಯ್ದೆಯ ಅತಿ ಮುಖ್ಯ ಭಾಗ ಇವತ್ತು ನಿಂತಿರುವುದು ಈ ಸಾಲು ಇದೆಯೋ ಇಲ್ಲವೋ ಎಂಬುದರ ಮೇಲೆ.

ದಾನವೆಂದರೆ ತಿರುಗಿ ಬಾರದ್ದು ಎಂಬುದು ನಮ್ಮ ಸಂಪ್ರದಾಯದ ಮಾತಷ್ಟೇ ಅಲ್ಲ, 1882ರ ಸ್ವತ್ತು ವರ್ಗಾವಣೆ ಕಾಯ್ದೆಯ ನಿಲುವೂ ಹೌದು. ಸ್ಥಿರಾಸ್ತಿಯ ದಾನ ನೋಂದಣಿಯಾಗಬೇಕು, ಇಬ್ಬರು ಸಾಕ್ಷಿಗಳಿರಬೇಕು, ಕೊಟ್ಟವರು ಬದುಕಿರುವಾಗಲೇ ಪಡೆದವರು ಅದನ್ನು ಒಪ್ಪಿಕೊಂಡಿರಬೇಕು. ಇಷ್ಟಾದ ಮೇಲೆ ಕೊಟ್ಟವರ ಮನಸ್ಸು ಬದಲಾಯಿತೆಂದು ದಾನ ರದ್ದಾಗದು. ಇಂಥ ಘಟನೆ ನಡೆದರೆ ದಾನ ಬಿದ್ದುಹೋಗುತ್ತದೆಂದು ಇಬ್ಬರೂ ಮೊದಲೇ ಒಪ್ಪಿಕೊಂಡಿರಬೇಕು, ಇಲ್ಲವೇ ಮೋಸ, ಬಲವಂತ, ಅನುಚಿತ ಪ್ರಭಾವವನ್ನು ಸಾಬೀತು ಮಾಡಬೇಕು. ಎರಡನೆಯ ದಾರಿ ಸಿವಿಲ್ ಕೋರ್ಟಿನದು. ಪತ್ರ ರದ್ದತಿಗೆ ದಾವೆ ಹೂಡಲು ಮೂರು ವರ್ಷದ ಕಾಲಮಿತಿ. ತೀರ್ಪಿಗೆ ಅಂಥ ಮಿತಿಯೇನೂ ಇಲ್ಲ. ಅದೂ ಅಲ್ಲದೆ, ವಯಸ್ಸಾಗಿದೆ, ಮನೆಯವರ ಜೊತೆಗೇ ಇದ್ದರು ಎಂದಷ್ಟಕ್ಕೇ ಅನುಚಿತ ಪ್ರಭಾವವನ್ನು ಊಹಿಸಲಾಗದು ಎಂದು ಸುಪ್ರೀಂ ಕೋರ್ಟ್ 1966ರಷ್ಟು ಹಿಂದೆಯೇ ಹೇಳಿಬಿಟ್ಟಿದೆ. ಸುಭಾಷ್ ಚಂದ್ರ ದಾಸ್ ಮುಶಿಬ್ ಎಂಬ ಆ ಪ್ರಕರಣದಲ್ಲಿ ಬಹಳ ಇಳಿವಯಸ್ಸಿನ ಅಜ್ಜ ಮೊಮ್ಮಗನಿಗೆ ಆಸ್ತಿ ಬರೆದಿದ್ದರು, ದಾನ ಊರ್ಜಿತವಾಯಿತು. ತರ್ಕದಲ್ಲಿ ದೋಷವಿಲ್ಲ. ಆದರೆ ಇಂಥ ಕಾನೂನಿನ ಎದುರು ಎಪ್ಪತ್ತೈದರ ವಿಧವೆಯೊಬ್ಬರು ಮಗನ ಮೇಲೆ ಸಿವಿಲ್ ದಾವೆ ಹೂಡಿ ಗೆಲ್ಲುವುದು ಎಂದರೇನು ಎಂಬುದನ್ನು ಕೋರ್ಟಿನ ಮೆಟ್ಟಿಲು ಹತ್ತಿದವರಿಗೆ ವಿವರಿಸಬೇಕಿಲ್ಲ.

ಈ ಕಷ್ಟವನ್ನು ತಪ್ಪಿಸಲೆಂದೇ 2007ರಲ್ಲಿ ತಂದೆ-ತಾಯಿ ಮತ್ತು ಹಿರಿಯ ನಾಗರಿಕರ ಪೋಷಣೆ ಹಾಗೂ ಕಲ್ಯಾಣ ಕಾಯ್ದೆ ಬಂತು. 60 ತುಂಬಿದವರು ವಕೀಲರ ನೆರವಿಲ್ಲದೆ ನೇರವಾಗಿ ಉಪವಿಭಾಗಾಧಿಕಾರಿಯ ಮುಂದೆ, ಅಂದರೆ ಜನ ಎ.ಸಿ. ಸಾಹೇಬರು ಎನ್ನುವ ಅಧಿಕಾರಿಯ ಮುಂದೆ, ಅರ್ಜಿ ಹಾಕಬಹುದು. ಜೀವನಾಂಶದ ಅರ್ಜಿ ನೋಟಿಸು ಜಾರಿಯಾದ 90 ದಿನದಲ್ಲಿ ತೀರ್ಮಾನವಾಗಬೇಕು. ಮೇಲ್ಮನವಿ ಜಿಲ್ಲಾಧಿಕಾರಿಗೆ. ಜೀವನಾಂಶಕ್ಕೆ ಕಾಯ್ದೆ ಇಟ್ಟಿರುವ ಗರಿಷ್ಠ ಮಿತಿ ತಿಂಗಳಿಗೆ 10,000 ರೂಪಾಯಿ. 2007ರಲ್ಲಿ ನಿಗದಿಯಾದ ಆ ಮೊತ್ತವನ್ನು ಪರಿಷ್ಕರಿಸಬೇಕೆಂದು ಕರ್ನಾಟಕ ಹೈಕೋರ್ಟ್ 2025ರಲ್ಲಿ ಕೇಂದ್ರಕ್ಕೆ ಹೇಳಿದೆ. ಆದರೆ ಈ ಕಾಯ್ದೆಗೆ ಹಲ್ಲು ಎಂಬುದು ಇದ್ದರೆ ಅದು 23ನೇ ಕಲಂ. ತನ್ನ ಮೂಲಭೂತ ಅಗತ್ಯಗಳನ್ನು ಪೂರೈಸಬೇಕೆಂಬ ಷರತ್ತಿಗೆ ಒಳಪಟ್ಟು ಹಿರಿಯರು ದಾನವಾಗಿಯೋ ಬೇರೆ ರೀತಿಯಲ್ಲೋ ಆಸ್ತಿ ಕೊಟ್ಟಿದ್ದು, ಪಡೆದವರು ಅದನ್ನು ಪೂರೈಸದಿದ್ದರೆ, ಆ ವರ್ಗಾವಣೆ ಮೋಸದಿಂದಲೋ ಬಲವಂತದಿಂದಲೋ ಆದದ್ದೆಂದು ಭಾವಿಸಿ, ಕೊಟ್ಟವರು ಬಯಸಿದರೆ ಎ.ಸಿ. ನೇತೃತ್ವದ ನ್ಯಾಯಮಂಡಳಿ ಅದನ್ನು ರದ್ದು ಮಾಡಬಹುದು. ಮೋಸವನ್ನು ಸಾಬೀತು ಮಾಡುವ ಹೊರೆ ಇಲ್ಲ. ಹಿಂದೂ, ಮುಸ್ಲಿಂ, ಕ್ರೈಸ್ತ ಎಂಬ ಭೇದವೂ ಇಲ್ಲ. ಇಷ್ಟು ಬಲವಾದ ಕಲಮಿನ ನಡುವೆ 'ಷರತ್ತಿಗೆ ಒಳಪಟ್ಟು' ಎಂಬ ಮಾತು ಕೂತಿದೆ. ಕಳೆದ ಹದಿನೈದಿಪ್ಪತ್ತು ವರ್ಷಗಳ ವ್ಯಾಜ್ಯವೆಲ್ಲ ಅದರ ಸುತ್ತಲೇ.

ಷರತ್ತು ಎಲ್ಲಿರಬೇಕು? ಪತ್ರದಲ್ಲಿ ಬರೆದಿರಬೇಕೇ, ಬಾಯಿಮಾತಿನಲ್ಲಿದ್ದರೆ ಸಾಕೇ, ಹೆತ್ತವರು ಮಕ್ಕಳಿಗೆ ಕೊಟ್ಟರು ಎಂಬ ಸಂಗತಿಯಲ್ಲೇ ಅದು ಅಡಗಿದೆಯೇ? 2020ರಲ್ಲಿ ಕೇರಳ ಹೈಕೋರ್ಟಿನ ಪೂರ್ಣಪೀಠ ಷರತ್ತು ಪತ್ರದಲ್ಲೇ ಸ್ಪಷ್ಟವಾಗಿರಬೇಕು ಎಂದಿತು. 2022ರ ಡಿಸೆಂಬರಿನಲ್ಲಿ ಸುದೇಶ್ ಛಿಕಾರಾ ಪ್ರಕರಣದಲ್ಲಿ, ತಾಯಿಯೊಬ್ಬರು ಬರೆದುಕೊಟ್ಟಿದ್ದ ಹಕ್ಕುಬಿಡುಗಡೆ ಪತ್ರವನ್ನು ನ್ಯಾಯಮಂಡಳಿ ರದ್ದು ಮಾಡಿದ್ದನ್ನು ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಷರತ್ತು ಇತ್ತೆಂದು ಅರ್ಜಿಯಲ್ಲಿ ಹೇಳಿಯೂ ಇಲ್ಲ, ತೋರಿಸಿಯೂ ಇಲ್ಲ. ಹಿರಿಯರು ಆಪ್ತರಿಗೆ ಆಸ್ತಿ ಕೊಡುವಾಗ ನೋಡಿಕೊಳ್ಳಬೇಕೆಂಬ ಷರತ್ತು ಇದ್ದೇ ಇರುತ್ತದೆ ಎನ್ನಲಾಗದು, ಎಷ್ಟೋ ಸಲ ಯಾವ ನಿರೀಕ್ಷೆಯೂ ಇಲ್ಲದೆ ಪ್ರೀತಿಯಿಂದಲೇ ಕೊಟ್ಟಿರುತ್ತಾರೆ ಎಂಬುದು ನ್ಯಾಯಪೀಠದ ಅಭಿಪ್ರಾಯ. ಮರುವರ್ಷ ನಮ್ಮ ಹೈಕೋರ್ಟಿನ ವಿಭಾಗೀಯ ಪೀಠವೂ ಷರತ್ತಿಲ್ಲದ ದಾನಪತ್ರವನ್ನು ಈ ಕಲಮಿನಡಿ ರದ್ದು ಮಾಡಲಾಗದು ಎಂದಿತು. 2025ರ ಜನವರಿ 2ರಂದು ಗಾಳಿ ಸ್ವಲ್ಪ ತಿರುಗಿತು. ಮಧ್ಯಪ್ರದೇಶದ ಛತರ್‌ಪುರದ ಊರ್ಮಿಳಾ ದೀಕ್ಷಿತ್ ಪ್ರಕರಣದಲ್ಲಿ ತಾಯಿ 1968ರಲ್ಲಿ ಕೊಂಡಿದ್ದ ಸ್ವತ್ತನ್ನು 2019ರಲ್ಲಿ ಮಗನಿಗೆ ದಾನ ಕೊಟ್ಟಿದ್ದರು. ಇದು ಹಿರಿಯರ ಹಿತಕ್ಕಾಗಿ ಮಾಡಿದ ಕಾಯ್ದೆ, ಅದನ್ನು ಉದಾರವಾಗಿ ಓದಬೇಕು ಎಂದು ಸುಪ್ರೀಂ ಕೋರ್ಟ್ ದಾನವನ್ನು ರದ್ದು ಮಾಡಿ ಸ್ವಾಧೀನವನ್ನೂ ತಾಯಿಗೆ ಮರಳಿಸಿತು. ಅದೇ ವರ್ಷ ಮದ್ರಾಸ್ ಹೈಕೋರ್ಟ್ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಪ್ರೀತಿ ವಿಶ್ವಾಸದಿಂದ ಕೊಟ್ಟದ್ದು ಎಂಬ ಮಾತಿನಲ್ಲೇ ನೋಡಿಕೊಳ್ಳುವ ಷರತ್ತು ಅಡಗಿದೆ ಎಂದಿತು.

ಪತ್ರಿಕೆಗಳು ಜನವರಿಯ ತೀರ್ಪನ್ನು ಹೆತ್ತವರನ್ನು ನೋಡಿಕೊಳ್ಳದ ಮಕ್ಕಳಿಗೆ ಆಸ್ತಿ ಇಲ್ಲ ಎಂಬ ತಲೆಬರಹದಲ್ಲಿ ಸಂಭ್ರಮಿಸಿದವು. ಸಂಭ್ರಮಕ್ಕೆ ಮುಂಚೆ ಒಂದು ಸಂಗತಿ ಗಮನಿಸಬೇಕಿತ್ತು. ಊರ್ಮಿಳಾ ದೀಕ್ಷಿತ್ ಅವರ ದಾನಪತ್ರದಲ್ಲೇ ಪೋಷಣೆಯ ಮಾತಿತ್ತು. ಜೊತೆಗೆ, ಅದೇ ದಿನಾಂಕದ ವಚನಪತ್ರವೊಂದಿತ್ತು. ಸಾಯುವವರೆಗೂ ನೋಡಿಕೊಳ್ಳುತ್ತೇನೆ, ತಪ್ಪಿದರೆ ತಾಯಿ ದಾನವನ್ನು ಹಿಂಪಡೆಯಬಹುದು ಎಂದು ಮಗ ಬರೆದುಕೊಟ್ಟದ್ದೆಂಬ ಕಾಗದ ಅದು. ಅಷ್ಟಿದ್ದರೂ ಎ.ಸಿ. ದರ್ಜೆಯ ಅಧಿಕಾರಿ, ಜಿಲ್ಲಾಧಿಕಾರಿ, ಏಕಸದಸ್ಯ ಪೀಠ ಮೂರೂ ಕಡೆ ಗೆದ್ದ ತಾಯಿ ವಿಭಾಗೀಯ ಪೀಠದಲ್ಲಿ ಸೋತು ದೆಹಲಿಯವರೆಗೆ ಹೋಗಬೇಕಾಯಿತು. ಬಾಯಿಮಾತನ್ನು ನಂಬಿ ಬರೆದುಕೊಟ್ಟವರ ಪಾಡೇನು? 2022ರ ತೀರ್ಪನ್ನು 2025ರ ತೀರ್ಪು ಅಳಿಸಿಲ್ಲ, ಇಬ್ಬರಿಬ್ಬರು ನ್ಯಾಯಮೂರ್ತಿಗಳ ಸಮಬಲದ ಪೀಠಗಳವು. ಹಾಗಾಗಿ ಇವತ್ತಿಗೂ ಒಂದೇ ಬಗೆಯ ಸಂಕಟಕ್ಕೆ ತಮಿಳುನಾಡಿನ ನಾಗಪಟ್ಟಿಣಂನಲ್ಲಿ ಒಂದು ಉತ್ತರ, ಕೇರಳದ ಎರ್ನಾಕುಲಂನಲ್ಲಿ ಇನ್ನೊಂದು, ಬೆಂಗಳೂರಿನಲ್ಲಿ ಪೀಠ ನೋಡಿಕೊಂಡು ಹೇಳಬೇಕಾದ ಉತ್ತರ.

ಷರತ್ತನ್ನು ಬರೆಸದೆ ಹೋದದ್ದು ಹಿರಿಯರ ಅಜಾಗರೂಕತೆ, ಕಾನೂನು ಅಜಾಗರೂಕರನ್ನು ಕಾಪಾಡಲು ಕೂತಿಲ್ಲ ಎಂಬ ವಾದವಿದೆ. ಆದರೆ ಆ ಸಾಲು ಪತ್ರದೊಳಗೆ ಏಕೆ ಬರುವುದಿಲ್ಲ ಎಂದು ನೋಡಿದರೆ ಅಜಾಗರೂಕತೆಯ ಪಾಲು ಬಹಳ ಕಡಿಮೆ. ನೋಂದಣಿಗೆ ದಿನ ಗೊತ್ತು ಮಾಡುವವರು, ಪತ್ರ ಬರಹಗಾರರಿಗೆ ವಿವರ ಕೊಡುವವರು, ಅವರ ಫೀಜು ಕೊಡುವವರು, ಹಿರಿಯರನ್ನು ಆಟೊದಲ್ಲಿ ಕರೆತರುವವರು, ಸಾಮಾನ್ಯವಾಗಿ ಎಲ್ಲರೂ ಆಸ್ತಿ ಪಡೆಯುವವರೇ. ಕರಡು ಓದಿಸಿ ಹೇಳುವ ಪದ್ಧತಿ ಇದ್ದರೂ, ಎದುರಿಗೆ ಮಗ ಸೊಸೆ ನಿಂತಿರುವಾಗ 'ನೀನು ನನ್ನನ್ನು ಹೊರಹಾಕಿದರೆ?' ಎಂದು ಕೇಳುವುದು ಅಪ್ಪನಿಗೆ ಸಾಧ್ಯವಿಲ್ಲ. ಕೇಳಿದರೆ ಮಗನ ಮೇಲೆ ಅಪನಂಬಿಕೆ ಎಂದಾಗುತ್ತದೆ, ಸಾಕ್ಷಿ ಹಾಕಲು ಬಂದ ಭಾವಮೈದುನನ ಎದುರು ಮಾನ ಹೋಗುತ್ತದೆ, ಸಂಜೆ ಊಟಕ್ಕೆ ಮರಳಬೇಕಾದದ್ದು ಅದೇ ಮನೆಗೆ. ಉಪನೋಂದಣಾಧಿಕಾರಿಯ ಕರ್ತವ್ಯ ನೋಂದಣಿ ಕಾಯ್ದೆಯ ಪ್ರಕಾರ ಪತ್ರ ಬರೆದುಕೊಟ್ಟವರು ಇವರೇ ಹೌದೇ, ಬರೆದುಕೊಟ್ಟದ್ದನ್ನು ಒಪ್ಪುತ್ತಾರೆಯೇ ಎಂದು ನೋಡುವುದಷ್ಟೇ. ಪತ್ರದ ಹಿತಾಹಿತ ಅವರ ಪ್ರಶ್ನೆಯಲ್ಲ. ಹೀಗೆ ಇಡೀ ವ್ಯವಸ್ಥೆಯಲ್ಲಿ ಆ ಸಾಲನ್ನು ಸೇರಿಸುವಂತೆ ಹೇಳುವ ಹೊಣೆ ಯಾರ ಮೇಲೂ ಇಲ್ಲ, ಅದು ಇಲ್ಲದ್ದರ ಲಾಭ ಮಾತ್ರ ಒಬ್ಬರಿಗೆ. ಕೊಟ್ಟವನು ಕೋಡಂಗಿ, ಇಸ್ಕೊಂಡವನು ಈರಭದ್ರ ಎಂಬ ಗಾದೆ ಸಾಲದ ಬಗ್ಗೆ ಹುಟ್ಟಿದ್ದಿರಬಹುದು. ಷರತ್ತಿಲ್ಲದ ದಾನಪತ್ರಕ್ಕೆ ಇನ್ನೂ ಚೆನ್ನಾಗಿ ಹೊಂದುತ್ತದೆ.

ಹಾಗಾದರೆ ಬದುಕಿರುವಾಗಲೇ ಏಕೆ ಕೊಡಬೇಕು, ವಿಲ್ ಬರೆದಿಟ್ಟರಾಯಿತಲ್ಲ ಎಂದು ಕೇಳಬಹುದು. ವಿಲ್ ಬಗ್ಗೆ ಜನರಿಗಿರುವ ಹೆದರಿಕೆ ಆಧಾರವಿಲ್ಲದ್ದಲ್ಲ. ವಿಲ್ಲನ್ನು ಹೇಗೆ ಪರೀಕ್ಷಿಸಬೇಕೆಂದು ಇಡೀ ದೇಶದ ಕೋರ್ಟುಗಳು ಇಂದಿಗೂ ನೆನೆಯುವ ತೀರ್ಪು ನಮ್ಮ ಮೈಸೂರಿನ ಕಡೆಯದೇ: 1958ರ ಎಚ್. ವೆಂಕಟಾಚಲ ಅಯ್ಯಂಗಾರ್ ವಿರುದ್ಧ ಬಿ.ಎನ್. ತಿಮ್ಮಾಜಮ್ಮ. ವಿಲ್ಲಿನಿಂದ ಲಾಭ ಪಡೆಯುವವರೇ ಅದನ್ನು ಬರೆಸುವುದರಲ್ಲಿ ಮುಂದೆ ನಿಂತಿದ್ದರೆ ಸಂಶಯ ನಿವಾರಿಸುವ ಹೊರೆ ಅವರ ಮೇಲೆ ಎಂದ ಆ ತೀರ್ಪಿನಲ್ಲಿ ವಿಲ್ ನಿಲ್ಲಲಿಲ್ಲ. ಬರೆದವರು ತೀರಿಕೊಂಡ ಮೇಲೆ ಸಹಿ ಅವರದೇ ಎಂದು ಸಾಬೀತು ಮಾಡುವ ಕಷ್ಟ ಮಕ್ಕಳಿಗೆ ಬೇಡ ಎಂದು ಹಿರಿಯರು ದಾನಪತ್ರವನ್ನು ಆರಿಸುತ್ತಾರೆ. ಖರ್ಚೂ ಕಡಿಮೆ: ಮಾರಾಟಕ್ಕೆ ಸ್ವತ್ತಿನ ಮೌಲ್ಯದ ಮೇಲೆ ಶೇಕಡಾವಾರು ಮುದ್ರಾಂಕ ಶುಲ್ಕ ಬಿದ್ದರೆ, ಕರ್ನಾಟಕದಲ್ಲಿ ಗಂಡ ಹೆಂಡತಿ ಮಕ್ಕಳ ನಡುವಿನ ದಾನಕ್ಕೆ ಕೆಲವೇ ಸಾವಿರ ರೂಪಾಯಿಯ ನಿಗದಿತ ಶುಲ್ಕ. ಮಗನಿಗೆ ಮನೆ ಕಟ್ಟುವ ಸಾಲ ಬೇಕು, ಬ್ಯಾಂಕು ಅವನ ಹೆಸರಿನ ಖಾತೆ ಕೇಳುತ್ತದೆ. ಇವೆಲ್ಲ ಬಾಯಿಬಿಟ್ಟು ಹೇಳುವ ಕಾರಣಗಳು. ಹೇಳದ ಕಾರಣವೂ ಒಂದಿದೆ. ಕರ್ನಾಟಕ 1994ರಲ್ಲಿ, ಇಡೀ ದೇಶ 2005ರಲ್ಲಿ ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತದಲ್ಲಿ ಗಂಡುಮಕ್ಕಳಿಗೆ ಸಮನಾದ ಹಕ್ಕು ಕೊಟ್ಟವು. ಸ್ವಯಾರ್ಜಿತದಲ್ಲಿ, ಅಪ್ಪ ವಿಲ್ ಬರೆಯದೆ ತೀರಿಕೊಂಡರೆ, 1956ರಿಂದಲೇ ಮಗಳಿಗೂ ಹೆಂಡತಿಗೂ ತಾಯಿಗೂ ಮಗನಷ್ಟೇ ಪಾಲು. ಆ ಪಾಲು ಏಳುವ ಮೊದಲೇ ಆಸ್ತಿಯನ್ನು ಗಂಡುಮಗನ ಹೆಸರಿಗೆ ದಾಟಿಸಿಬಿಡುವ ಅತಿ ಸುಲಭದ ಸೇತುವೆ ದಾನಪತ್ರ. ಹುಟ್ಟಿನಿಂದಲೇ ಮಗನಿಗೆ ಪಿತ್ರಾರ್ಜಿತದಲ್ಲಿ ಹಕ್ಕು ಎಂಬ ಸಿದ್ಧಾಂತವನ್ನು ಒಂಬೈನೂರು ವರ್ಷಗಳ ಹಿಂದೆ ನಮ್ಮದೇ ಕಲ್ಯಾಣದಲ್ಲಿ ಕೂತು ಮಿತಾಕ್ಷರಾ ಬರೆದ ವಿಜ್ಞಾನೇಶ್ವರ ಗಟ್ಟಿ ಮಾಡಿದ. ಕಾನೂನು ಅದನ್ನು ತಿದ್ದಿತು. ಮಗನಿಗೆ ಕೊಡುವುದೆಂದರೆ ಅವನದನ್ನೇ ಅವನಿಗೆ ಬೇಗ ಒಪ್ಪಿಸುವುದು ಎಂಬ ಮನಸ್ಸು ತಿದ್ದಿಕೊಂಡಿಲ್ಲ.

ಈ ಆತುರದ ಬೆಲೆ ತೆರುವವರು ಬಹುಪಾಲು ತಾಯಂದಿರು, ಮತ್ತು 23ನೇ ಕಲಮಿನ ಅತಿ ದೊಡ್ಡ ಬಿರುಕು ಇರುವುದೂ ಇಲ್ಲೇ. ನಮ್ಮಲ್ಲಿ ಮನೆ ಜಮೀನು ಹೆಚ್ಚಾಗಿ ಗಂಡನ ಹೆಸರಿನಲ್ಲಿರುತ್ತದೆ. ಅವನು ಮಗನಿಗೆ ದಾನ ಬರೆದು, ನಾಲ್ಕು ವರ್ಷ ಬಿಟ್ಟು ತೀರಿಕೊಳ್ಳುತ್ತಾನೆ ಎಂದಿಟ್ಟುಕೊಳ್ಳಿ. ದಾನ ಕೊಡದೆ ಇದ್ದಿದ್ದರೆ ಹೆಂಡತಿ ಪ್ರಥಮ ದರ್ಜೆಯ ವಾರಸುದಾರಳು, ಮಕ್ಕಳಷ್ಟೇ ಪಾಲಿನ ಒಡತಿ. ದಾನದಿಂದ ಅವಳ ಆ ಪಾಲು ಹೋಯಿತು. ಇನ್ನು ಮಗ ನೋಡಿಕೊಳ್ಳದಿದ್ದರೆ ದಾನ ರದ್ದು ಮಾಡಿಸಲು ಅವಳು ಅರ್ಜಿ ಹಾಕಬಹುದೇ? ಕಲಂ ಹೇಳುವುದು ವರ್ಗಾಯಿಸಿದವರ ಆಯ್ಕೆಯ ಬಗ್ಗೆ. ಅವಳು ಏನನ್ನೂ ವರ್ಗಾಯಿಸಿಲ್ಲ, ಪತ್ರದಲ್ಲಿ ಅವಳದು ಹೆಚ್ಚೆಂದರೆ ಸಾಕ್ಷಿಯ ಹೆಬ್ಬೆಟ್ಟು. ಜೀವನಾಂಶ ಕೇಳಬಹುದು, ಅದಕ್ಕೆ ತಿಂಗಳ ಹತ್ತು ಸಾವಿರದ ಮಿತಿ. ಅದೇ ಕಲಮಿನ ಎರಡನೆಯ ಭಾಗದಂತೆ, ಆಸ್ತಿಯಿಂದ ಪೋಷಣೆ ಪಡೆಯುವ ಹಕ್ಕಿದ್ದವರು ಅದನ್ನು ಪುಕ್ಕಟೆಯಾಗಿ ಪಡೆದವರ ವಿರುದ್ಧವೂ ಚಲಾಯಿಸಬಹುದು. ಆದರೆ ಅದು ಊಟದ ಖರ್ಚಿನ ಹಕ್ಕು, ಸೂರಿನ ಒಡೆತನದ್ದಲ್ಲ. ಹಿರಿಯ ದಂಪತಿಯಲ್ಲಿ ಹೆಚ್ಚಾಗಿ ಗಂಡನೇ ಮೊದಲು ಹೋಗುತ್ತಾನೆ, ಹೆಂಡತಿ ಅವನಿಗಿಂತ ಚಿಕ್ಕವಳು, ಆಮೇಲೂ ಹತ್ತು ಹದಿನೈದು ವರ್ಷ ಬದುಕುತ್ತಾಳೆ. ರಕ್ಷಣೆ ಅತಿ ಹೆಚ್ಚು ಬೇಕಾದ ಆ ವರ್ಷಗಳಲ್ಲೇ ಕಾಯ್ದೆ ಅವಳನ್ನು ಹೊರಗಿನವಳಂತೆ ನೋಡುತ್ತದೆ.

ನನ್ನ ವಾದ ಇಷ್ಟು. ಷರತ್ತು ಇತ್ತೆಂದು ಹಿರಿಯರು ತೋರಿಸಬೇಕೆನ್ನುವ ಬದಲು, ಇರಲಿಲ್ಲವೆಂದು ಪಡೆದವರು ತೋರಿಸುವಂತಾಗಬೇಕು. 60 ದಾಟಿದವರು ಮಕ್ಕಳಿಗೋ ಸಂಬಂಧಿಕರಿಗೋ ಪ್ರತಿಫಲವಿಲ್ಲದೆ ಬರೆದುಕೊಟ್ಟ ಪ್ರತಿಯೊಂದು ಪತ್ರದಲ್ಲೂ, ಕೊಟ್ಟವರನ್ನು ಮತ್ತು ಅವರ ಗಂಡ ಅಥವಾ ಹೆಂಡತಿಯನ್ನು ಜೀವಮಾನವಿಡೀ ನೋಡಿಕೊಳ್ಳುವ ಷರತ್ತು ಇದೆಯೆಂದೇ ಕಾನೂನು ಊಹಿಸಲಿ. ನಿಜಕ್ಕೂ ಷರತ್ತಿಲ್ಲದೆ ಕೊಡಲು ಬಯಸುವವರು ಕೊಡಲಿ. ಆದರೆ ಪಡೆಯುವವರನ್ನು ಹೊರಗೆ ಕೂರಿಸಿ, ಉಪನೋಂದಣಾಧಿಕಾರಿಯ ಎದುರು ತಮ್ಮದೇ ಮಾತಿನಲ್ಲಿ ಅದನ್ನು ಹೇಳಲಿ, ಅದು ಪತ್ರದಲ್ಲಿ ದಾಖಲಾಗಲಿ. ಇಂಥ ಊಹೆ ನಮ್ಮ ಕಾನೂನಿಗೆ ಹೊಸದೇನೂ ಅಲ್ಲ. ಪರ್ದಾ ಪದ್ಧತಿಯಲ್ಲಿದ್ದ ಹೆಂಗಸರು ಬರೆದುಕೊಟ್ಟ ಪತ್ರಗಳಲ್ಲಿ, ಆಕೆಗೆ ವಿಷಯ ಅರ್ಥವಾಗಿತ್ತು ಎಂದು ಸಾಬೀತು ಮಾಡುವ ಹೊರೆಯನ್ನು ಲಾಭ ಪಡೆದವರ ಮೇಲೆ ನಮ್ಮ ಕೋರ್ಟುಗಳು ಹೊರಿಸಿ ಒಂದು ಶತಮಾನವೇ ಕಳೆದಿದೆ; ಓದು ಬಾರದ ಹೆಂಗಸರಿಗೂ ಆ ರಕ್ಷಣೆ ಹಿಗ್ಗಿದೆ. ಒಬ್ಬರ ಪೂರ್ಣ ವಿಶ್ವಾಸಕ್ಕೆ ಪಾತ್ರರಾದವರು ಅವರಿಂದ ಲಾಭ ಪಡೆದರೆ ವ್ಯವಹಾರದ ಪ್ರಾಮಾಣಿಕತೆಯನ್ನು ತಾವೇ ತೋರಿಸಬೇಕೆಂದು ಸಾಕ್ಷ್ಯ ಕಾನೂನು ಹೇಳುತ್ತದೆ. 2007ರ ಕಾಯ್ದೆಯೇ ಮಕ್ಕಳಿಲ್ಲದ ಹಿರಿಯರ ವಿಷಯದಲ್ಲಿ ಇದೇ ತರ್ಕ ಹಿಡಿದಿದೆ: ಅವರ ಆಸ್ತಿಯನ್ನು ಅನುಭವಿಸುತ್ತಿರುವ ಅಥವಾ ಮುಂದೆ ವಾರಸಾಗಿ ಪಡೆಯಲಿರುವ ಸಂಬಂಧಿಕರು ಅವರನ್ನು ಪೋಷಿಸಬೇಕು. ಅಲ್ಲಿ ಯಾರೂ ಬರೆದ ಷರತ್ತು ಕೇಳುವುದಿಲ್ಲ. ಅಣ್ಣನ ಮಗನಿಂದ ಕಾನೂನು ತಾನಾಗಿಯೇ ನಿರೀಕ್ಷಿಸುವುದನ್ನು ಸ್ವಂತ ಮಗನಿಂದ ನಿರೀಕ್ಷಿಸಲು ಕಾಗದ ಕೇಳುವುದು ವಿಚಿತ್ರ.

ಪ್ರೀತಿಯನ್ನು ವ್ಯಾಪಾರ ಮಾಡಿದಂತಾಯಿತು ಎನ್ನುವವರಿದ್ದಾರೆ. ಎಷ್ಟೋ ಸಲ ನಿರೀಕ್ಷೆಯಿಲ್ಲದೆಯೇ ಕೊಡುತ್ತಾರೆ ಎಂಬ ಛಿಕಾರಾ ತೀರ್ಪಿನ ಮಾತಿನ ಹಿಂದೆಯೂ ಇದೇ ಭಾವನೆಯಿದೆ. ಬೇರೆ ನಗರದಲ್ಲಿ ಇನ್ನೊಂದು ಮನೆಯೂ ಪಿಂಚಣಿಯೂ ಇರುವವರು ಮಗಳಿಗೆ ನಿವೇಶನ ಕೊಟ್ಟರೆ ಆ ಮಾತು ನಿಜವಿರಬಹುದು. ತಾವು ವಾಸವಾಗಿರುವ ಒಂದೇ ಮನೆಯನ್ನು, ಉಣ್ಣುವ ಒಂದೇ ಹೊಲವನ್ನು ಬರೆದುಕೊಡುವವರಿಗೆ ನಿರೀಕ್ಷೆಯೇ ಇರಲಿಲ್ಲ ಎನ್ನುವುದು ವಾಸ್ತವವಲ್ಲ. ಆ ನಿರೀಕ್ಷೆ ಮಾತಾಗಿ ಹೊರಬರದಷ್ಟು ಸಹಜವಾಗಿರುತ್ತದೆ. ಮದುವೆಯಲ್ಲೂ ಪ್ರೀತಿಯಿದೆ, ಹಾಗೆಂದು ಜೀವನಾಂಶದ ಕಾನೂನು ಮದುವೆಯನ್ನು ವ್ಯಾಪಾರ ಮಾಡಿತು ಎಂದು ಯಾರೂ ಹೇಳುವುದಿಲ್ಲ.

ಒಡೆತನ ಅತಂತ್ರವಾಗುತ್ತದೆ ಎಂಬ ಆಕ್ಷೇಪ ಇದಕ್ಕಿಂತ ಗಟ್ಟಿಯಾದದ್ದು. ದಾನ ಪಡೆದ ಮಗ ನಾಳೆ ಮಾರಿದರೆ ಕೊಂಡವರ ಗತಿಯೇನು, ಅಡವಿಟ್ಟರೆ ಬ್ಯಾಂಕಿನ ಗತಿಯೇನು? ಈ ಭಯ ಈಗಲೂ ಇದೆ, ಮತ್ತು ಷರತ್ತು ಬರೆದಿದೆಯೋ ಇಲ್ಲವೋ, ಬರೆಯದಿದ್ದರೂ ಕೋರ್ಟು ಊಹಿಸುತ್ತದೆಯೋ ಇಲ್ಲವೋ ಎಂಬ ಈಗಿನ ಗೊಂದಲವೇ ಕೊಳ್ಳುವವರಿಗೆ ಹೆಚ್ಚು ಅಪಾಯಕಾರಿ. ಎಲ್ಲ ಕುಟುಂಬ ದಾನಕ್ಕೂ ಒಂದೇ ನಿಯಮವಿದ್ದರೆ, ಋಣಭಾರ ಪತ್ರದಲ್ಲಿ 'ಪೋಷಣೆಯ ಷರತ್ತಿಗೆ ಒಳಪಟ್ಟಿದೆ' ಎಂದು ನಮೂದಾದರೆ, ಕೊಳ್ಳುವವರು ಅದನ್ನು ನೋಡಿ ಹಿರಿಯರ ಒಪ್ಪಿಗೆಯ ಸಹಿ ಕೇಳುತ್ತಾರೆ. ಜಂಟಿ ಕುಟುಂಬದ ಜಮೀನು ಕೊಳ್ಳುವಾಗ ಹೆಣ್ಣುಮಕ್ಕಳ ಸಹಿ ಕೇಳುವುದನ್ನು ನಮ್ಮ ಜನ ಈಗಾಗಲೇ ಕಲಿತಿದ್ದಾರಲ್ಲ. ಮಗನಿಗೆ ಪೂರ್ತಿ ಸ್ವತಂತ್ರವಾದ ಒಡೆತನ ಹಿರಿಯರ ಕಾಲಾನಂತರ ಬರುತ್ತದೆ. ಅದಕ್ಕೆ ಕಾಯಲಾರೆ ಎನ್ನುವವರಿಗೆ ದಾನ ಕೊಡುವುದರ ಬಗ್ಗೆಯೇ ಹಿರಿಯರು ಮತ್ತೊಮ್ಮೆ ಯೋಚಿಸುವುದು ಮೇಲು.

ನಿಜವಾಗಿ ತಲೆ ಕೆಡಿಸಿಕೊಳ್ಳಬೇಕಾದ ಆಕ್ಷೇಪ ದುರುಪಯೋಗದ್ದು. ಈ ಕಾಯ್ದೆಯನ್ನು ಸೊಸೆಯನ್ನು ಬೀದಿಗೆ ತಳ್ಳುವ ಉಪಕರಣವಾಗಿ ಬಳಸಿದ್ದುಂಟು, ಅದರ ಬಗ್ಗೆ ಸುಪ್ರೀಂ ಕೋರ್ಟಿನ ಪ್ರಮುಖ ತೀರ್ಪು ಹುಟ್ಟಿದ್ದು ಬೆಂಗಳೂರಿನ ಪ್ರಕರಣದಿಂದಲೇ. ಎಸ್. ವನಿತಾ ವಿರುದ್ಧ ಬೆಂಗಳೂರು ನಗರ ಜಿಲ್ಲಾಧಿಕಾರಿ ಎಂಬ ಆ ಪ್ರಕರಣದಲ್ಲಿ ಗಂಡ ಕೊಂಡಿದ್ದ ಆಸ್ತಿ ಮೊದಲು ಮಾವನಿಗೆ ಮಾರಾಟವಾಗಿ, ಆಮೇಲೆ ಅತ್ತೆಗೆ ದಾನವಾಗಿ, ಕೊನೆಗೆ ಹಿರಿಯ ನಾಗರಿಕರ ಕಾಯ್ದೆಯಡಿ ಸೊಸೆಯನ್ನು ಹೊರಹಾಕಲು ಅರ್ಜಿ ಬಿತ್ತು. 2020ರ ಡಿಸೆಂಬರಿನಲ್ಲಿ ನ್ಯಾಯಾಲಯ, 2005ರ ಕೌಟುಂಬಿಕ ದೌರ್ಜನ್ಯ ಕಾಯ್ದೆಯಡಿ ಸೊಸೆಗಿರುವ ವಾಸದ ಹಕ್ಕನ್ನು ಹಿರಿಯರ ಕಾಯ್ದೆಯ ಅವಸರದ ವಿಚಾರಣೆಯಲ್ಲಿ ಅಳಿಸಿಹಾಕಲಾಗದು, ಎರಡನ್ನೂ ಹೊಂದಿಸಿ ಓದಬೇಕು ಎಂದಿತು. ಸರಿಯಾದ ತೀರ್ಪು. ನಾನು ಹೇಳುವ ಊಹೆ ಅದಕ್ಕೆ ಅಡ್ಡಬರುವುದಿಲ್ಲ, ಏಕೆಂದರೆ ಅದು ಒಡೆತನ ಯಾರದೆಂಬ ಪ್ರಶ್ನೆ. ವಾಸದ ಹಕ್ಕು ಬೇರೆ. ಹಾಗೆಯೇ, ನಿಜವಾಗಿ ಸೇವೆ ಮಾಡುವವರು ಸೊಸೆಯರೇ ಆಗಿರುವ ನಮ್ಮ ಮನೆಗಳಲ್ಲಿ ಆಸ್ತಿ ಮಗನ ಹೆಸರಿಗೆ, ಹೊಣೆ ಸೊಸೆಯ ಹೆಗಲಿಗೆ ಎಂಬ ಏರ್ಪಾಡಿಗೂ ಕೊನೆ ಬೇಕು. ಅಳಿಯ ಸೊಸೆಯರನ್ನೂ 'ಮಕ್ಕಳು' ಎಂಬ ವ್ಯಾಖ್ಯೆಗೆ ಸೇರಿಸಲು, ಹತ್ತು ಸಾವಿರದ ಮಿತಿ ತೆಗೆಯಲು 2019ರಲ್ಲಿ ಲೋಕಸಭೆಗೆ ಬಂದ ತಿದ್ದುಪಡಿ ಮಸೂದೆ 2024ರಲ್ಲಿ ಆ ಲೋಕಸಭೆಯೊಂದಿಗೇ ಮುಗಿದುಹೋಯಿತು. ಆಸ್ತಿ ಕೊಡದೆ ಹೊಣೆ ಮಾತ್ರ ಹೊರಿಸುವ ಆ ಭಾಗ ಬಿದ್ದುಹೋದದ್ದಕ್ಕೆ ನನಗೆ ವಿಷಾದವಿಲ್ಲ.

ಇನ್ನು, ಹತ್ತು ವರ್ಷ ಚೆನ್ನಾಗಿ ನೋಡಿಕೊಂಡ ಮಗಳ ಮೇಲೆ ಇನ್ನೊಬ್ಬ ಮಗನ ಮಾತು ಕೇಳಿ ಅಮ್ಮ ದೂರು ಕೊಟ್ಟರೆ? ಅದೂ ಆಗುತ್ತದೆ. ಆದರೆ 23ನೇ ಕಲಮಿನಡಿ ಷರತ್ತು ಇದ್ದರಷ್ಟೇ ಸಾಲದು, ಅದನ್ನು ಪೂರೈಸಲಿಲ್ಲ ಎಂಬುದೂ ತೋರಬೇಕು. ಔಷಧದ ರಸೀದಿ, ಆಸ್ಪತ್ರೆಯ ದಾಖಲೆ, ನೆರೆಯವರ ಹೇಳಿಕೆ ಇಟ್ಟುಕೊಂಡ ಮಗಳು ಸೋಲಬೇಕಿಲ್ಲ. ಅಸಲು ತೊಂದರೆ, ಇದನ್ನೆಲ್ಲ ತೂಗಿ ನೋಡಬೇಕಾದ ಎ.ಸಿ. ಅವರ ಮೇಜಿನ ಮೇಲೆ ಭೂಸ್ವಾಧೀನ, ಚುನಾವಣೆ, ಪಹಣಿ ತಿದ್ದುಪಡಿ, ಶಾಂತಿ ಸುವ್ಯವಸ್ಥೆಯ ಕಡತಗಳೂ ಇವೆ ಎಂಬುದು. ಹೊರೆಯನ್ನು ಬದಲಿಸುವುದರ ಜೊತೆಗೆ ಜಿಲ್ಲೆಗೊಬ್ಬ ಪೂರ್ಣಕಾಲಿಕ ಅಧಿಕಾರಿಯಾದರೂ ಇಲ್ಲದಿದ್ದರೆ ದುರುಪಯೋಗ ಮಾಡುವವರಿಗೂ ನಿಜವಾಗಿ ನೊಂದವರಿಗೂ ಒಂದೇ ಆತುರದ ನ್ಯಾಯ ಸಿಗುತ್ತದೆ.

2025ರ ಮಾರ್ಚಿನಲ್ಲಿ ಬೆಳಗಾವಿಯ ವೈದ್ಯಕೀಯ ವಿಜ್ಞಾನ ಸಂಸ್ಥೆಯೊಂದರಲ್ಲೇ 150ಕ್ಕೂ ಹೆಚ್ಚು ಹಿರಿಯರನ್ನು ಮಕ್ಕಳು ಬಿಟ್ಟುಹೋಗಿದ್ದಾರೆಂದು ಸುದ್ದಿಯಾದಾಗ, ಅಂಥ ಮಕ್ಕಳ ಹೆಸರಿನ ವಿಲ್ ಮತ್ತು ಆಸ್ತಿ ವರ್ಗಾವಣೆಗಳನ್ನು ರದ್ದು ಮಾಡಿಸುವ ಮಾತು ಸರ್ಕಾರದ ಕಡೆಯಿಂದ ಬಂತು. ಕಾಳಜಿ ಸರಿ, ಕಾನೂನು ಸ್ವಲ್ಪ ತಪ್ಪು. ವಿಲ್ ರದ್ದು ಮಾಡಲು ಯಾವ ಅಧಿಕಾರಿಯೂ ಬೇಕಿಲ್ಲ. ಬರೆದವರು ಸ್ವಸ್ಥಚಿತ್ತರಾಗಿರುವವರೆಗೆ ಎಷ್ಟು ಸಲ ಬೇಕಾದರೂ ಬದಲಿಸಬಹುದು, ಕೊನೆಯದೇ ಉಳಿಯುತ್ತದೆ. ವಿಲ್ಲಿನ ಹೆಚ್ಚುಗಾರಿಕೆಯೇ ಅದು. ಸರ್ಕಾರಕ್ಕೆ ನಿಜಕ್ಕೂ ಮನಸ್ಸಿದ್ದರೆ ಮಾಡಬಹುದಾದದ್ದು ಬೇರೆ ಇದೆ. ಕೃಷಿ ಜಮೀನಲ್ಲದ ಸ್ವತ್ತಿನ ವರ್ಗಾವಣೆ, ಪತ್ರಗಳ ನೋಂದಣಿ ಎರಡೂ ಸಂವಿಧಾನದ ಸಮವರ್ತಿ ಪಟ್ಟಿಯಲ್ಲಿವೆ. ಅಂದರೆ ಸಂಸತ್ತಿನ ದಾರಿ ನೋಡದೆ ಕರ್ನಾಟಕ ರಾಷ್ಟ್ರಪತಿಯ ಅಂಕಿತ ಪಡೆದು ತನ್ನದೇ ತಿದ್ದುಪಡಿ ತರಬಹುದು. 1994ರಲ್ಲಿ ಹೆಣ್ಣುಮಕ್ಕಳ ಹಕ್ಕಿನ ವಿಷಯದಲ್ಲಿ ದೇಶಕ್ಕಿಂತ ಹನ್ನೊಂದು ವರ್ಷ ಮೊದಲೇ ಹಾಗೆ ಮಾಡಿತ್ತು. ಅಷ್ಟು ದೂರ ಹೋಗುವ ಮೊದಲೇ, ನೋಂದಣಿ ಇಲಾಖೆಯ ಕಾವೇರಿ ತಂತ್ರಾಂಶದಲ್ಲಿ ದಾನಪತ್ರ ನಮೂದಿಸುವಾಗ ಕೊಡುವವರ ವಯಸ್ಸು 60 ದಾಟಿದ್ದರೆ ಪೋಷಣೆಯ ಷರತ್ತು ಬೇಕೇ ಬೇಡವೇ ಎಂಬ ಪ್ರಶ್ನೆ ತಾನಾಗಿ ಎದ್ದು, ಉತ್ತರವಿಲ್ಲದೆ ಮುಂದಕ್ಕೆ ಹೋಗದಂತೆ ಮಾಡಬಹುದು.

ಅಲ್ಲಿಯವರೆಗೆ ಬರೆದುಕೊಡಲೇಬೇಕೆಂದಿರುವವರಿಗೆ ಈಗಿನ ಕಾನೂನಿನಲ್ಲೇ ದಾರಿಗಳಿವೆ. ದಾನ ಕೊಟ್ಟರೂ ಜೀವಂತವಿರುವವರೆಗೆ ವಾಸ ಮತ್ತು ಬಾಡಿಗೆಯ ಹಕ್ಕು ತಮ್ಮಲ್ಲೇ ಇರುವಂತೆ ಬರೆಸಬಹುದು. ಸ್ವಾಧೀನ ಉಳಿಸಿಕೊಂಡ ಮಾತ್ರಕ್ಕೆ ದಾನ ಅಸಿಂಧುವಾಗದು ಎಂದು ರೇಣಿಕುಂಟ್ಲ ರಾಜಮ್ಮ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2014ರಲ್ಲೇ ಹೇಳಿದೆ. ದಾನಕ್ಕಿಂತ ಮೊದಲೇ ಮನೆಯನ್ನು ಗಂಡ ಹೆಂಡತಿ ಇಬ್ಬರ ಹೆಸರಿಗೂ ಮಾಡಿಕೊಂಡು, ಆಮೇಲೆ ಇಬ್ಬರೂ ಸೇರಿ ದಾನ ಕೊಟ್ಟರೆ ಒಬ್ಬರು ಹೋದ ಮೇಲೆ ಉಳಿದವರೂ ವರ್ಗಾಯಿಸಿದವರೇ ಆಗಿರುತ್ತಾರೆ, ಕನಿಷ್ಠ ತಮ್ಮ ಪಾಲಿನ ಮಟ್ಟಿಗೆ 23ನೇ ಕಲಂ ಅವರ ಕೈಯಲ್ಲಿರುತ್ತದೆ. ಷರತ್ತಿನ ಸಾಲನ್ನು ಬರೆಸುವಾಗ 'ಚೆನ್ನಾಗಿ ನೋಡಿಕೊಳ್ಳತಕ್ಕದ್ದು' ಎಂದು ತೇಲಿಸದೆ ಊಟ, ಇದೇ ಮನೆಯಲ್ಲಿ ವಾಸ, ಔಷಧ, ಆಸ್ಪತ್ರೆ, ತಿಂಗಳ ಕೈಖರ್ಚಿನ ಮೊತ್ತ ಎಂದು ಬಿಡಿಸಿ ಬರೆಸಬೇಕು. ಕರಡನ್ನು ಆಸ್ತಿ ಪಡೆಯದ ಯಾರಾದರೊಬ್ಬರಿಗೆ, ಪಾಲಿಲ್ಲದ ಮಗಳಿಗೇ ಆದರೂ ಸರಿ, ನೋಂದಣಿಯ ಹಿಂದಿನ ದಿನವೇ ತೋರಿಸಬೇಕು. ಈಗಾಗಲೇ ಷರತ್ತಿಲ್ಲದೆ ಕೊಟ್ಟು ಕಷ್ಟದಲ್ಲಿರುವವರು ಛತರ್‌ಪುರದ ತಾಯಿಯಂತೆ ಆಗ ಬರೆದ ಚೀಟಿ, ಪತ್ರ, ಮೊಬೈಲ್ ಸಂದೇಶ ಏನಿದೆಯೋ ಹುಡುಕಿ, ಅರ್ಜಿಯಲ್ಲಿ 'ನೋಡಿಕೊಳ್ಳುವ ಷರತ್ತಿನ ಮೇಲೆಯೇ ಕೊಟ್ಟೆ' ಎಂದು ಸ್ಪಷ್ಟವಾಗಿ ಹೇಳಬೇಕು. ಛಿಕಾರಾ ಪ್ರಕರಣ ಬಿದ್ದುಹೋದದ್ದು ಆ ಮಾತು ಅರ್ಜಿಯಲ್ಲೂ ಇರಲಿಲ್ಲ ಎಂಬ ಕಾರಣದಿಂದ. ಅರ್ಜಿ ಎಲ್ಲಿ, ಹೇಗೆ ಎಂದು ತಿಳಿಯದವರಿಗೆ ಹಿರಿಯ ನಾಗರಿಕರ ಸಹಾಯವಾಣಿ 14567 ಇದೆ, ಕರೆ ಉಚಿತ.